ಪರದೆಯ ಬಸ್ಸು, ಮನೆಯ ಫೋನು: ಮಾರ್ಪಡಿಸಿದ ವಾಹನ ಆಟಗಳ ಬಗ್ಗೆ ಗಡಿನಾಡಿನ ಪೋಷಕರು ತಿಳಿಯಬೇಕಾದದ್ದು

ಆದೋನಿ, ಕೌತಾಳಂ, ಕೋಸಿಗಿ, ಹೊಳಗುಂದ, ಹಾಲಹರ್ವಿ ಭಾಗಗಳ ಕನ್ನಡ ಮಾಧ್ಯಮ ಶಾಲೆಗಳಲ್ಲಿ ಮಧ್ಯಾಹ್ನದ ಊಟದ ಬಿಡುವಿನ ವೇಳೆ ಮಕ್ಕಳ ಮಾತಿಗೆ ಕಿವಿಗೊಟ್ಟರೆ ‘ಮಾಡ್’ ಎಂಬ ಪದ ಮತ್ತೆ ಮತ್ತೆ ಕೇಳಿಬರುತ್ತದೆ. ಐರಾವತದ ಮಾಡ್ ಯಾರಿಗೆ ಸಿಕ್ಕಿತು, ಸಿರುಗುಪ್ಪ ಬಸ್ಸಿನ ಬಣ್ಣದ ಚಿತ್ರ ಯಾರ ಬಳಿ ಇದೆ, ಅದರ ಪಾಸ್‌ವರ್ಡ್ ಯಾವ ಯೂಟ್ಯೂಬ್ ವಿಡಿಯೊದಲ್ಲಿದೆ ಎಂಬುದೇ ಅವರ ಚರ್ಚೆ. ಮೊಬೈಲಿನಲ್ಲಿ ಬಸ್ಸು, ಲಾರಿ, ಬೈಕು ಓಡಿಸುವ ಆಟಗಳಿಗೆ ಆಟದ ಮೂಲ ತಯಾರಕರಲ್ಲದ ಹೊರಗಿನವರು ಮಾಡಿ ಸೇರಿಸುವ ಬದಲಾವಣೆಗಳಿಗೆ ಈ ಹೆಸರು. ಇಂಗ್ಲಿಷಿನ ಮಾಡಿಫಿಕೇಶನ್ ಎಂಬ ಪದದ ಮೊಟಕು ರೂಪವಿದು.

ಈ ಆಟಗಳ ವಿಷಯದಲ್ಲಿ ನಮ್ಮ ಮನೆಗಳಲ್ಲಿ ಎರಡು ಬಗೆಯ ನಿಲುವುಗಳಿವೆ. ‘ಆಟ ತಾನೇ, ಆಡಲಿ ಬಿಡಿ’ ಎಂಬುದು ಒಂದು. ‘ಫೋನು ಕಿತ್ತುಕೊಂಡರೆ ಎಲ್ಲ ಸರಿಹೋಗುತ್ತದೆ’ ಎಂಬುದು ಇನ್ನೊಂದು. ಗಡಿಭಾಗದ ಕನ್ನಡ ಶಿಕ್ಷಕರಾದ ನಮಗೆ ಈ ಎರಡೂ ಸಾಲದೆನಿಸುತ್ತದೆ. ಈ ಆಟಗಳಲ್ಲಿ ಮಕ್ಕಳನ್ನು ಸೆಳೆಯುವ ಅಂಶವೇ ಬೇರೆ, ಕುಟುಂಬಕ್ಕೆ ಅಪಾಯ ತರುವ ಅಂಶವೇ ಬೇರೆ. ಸೆಳೆಯುವುದು ತಮ್ಮ ಊರಿನ ಬಸ್ಸನ್ನು ತಾವೇ ರೂಪಿಸುವ ಸಂತೋಷ. ಅಪಾಯವಿರುವುದು ಆ ಬಸ್ಸು ಫೋನಿನೊಳಗೆ ಬರುವ ದಾರಿಯಲ್ಲಿ. ಇವೆರಡನ್ನೂ ಬಿಡಿಸಿ ನೋಡಿದರೆ ಮಾತ್ರ ಮೊದಲನೆಯದನ್ನು ಉಳಿಸಿಕೊಂಡು ಎರಡನೆಯದಕ್ಕೆ ಬಾಗಿಲು ಮುಚ್ಚಲು ಸಾಧ್ಯ.

ಇಂಡೋನೇಷ್ಯಾದ ಬಸ್ಸು ನಮ್ಮ ಊರಿಗೆ ಬಂದ ಬಗೆ

ನಮ್ಮ ಮಕ್ಕಳು ಆಡುವ ಬಸ್ಸಿನ ಆಟಗಳಲ್ಲಿ ಮುಖ್ಯವಾದುದು ‘ಬಸ್ ಸಿಮ್ಯುಲೇಟರ್ ಇಂಡೋನೇಷ್ಯಾ’. ಮಕ್ಕಳು ಇದನ್ನು ‘ಬಸ್ಸಿಡ್’ ಎನ್ನುತ್ತಾರೆ. ಇಂಡೋನೇಷ್ಯಾದ ಮಾಲಿಯೊ ಎಂಬ ಸಂಸ್ಥೆ 2017ರಲ್ಲಿ ಇದನ್ನು ಹೊರತಂದಿತು. ಅದಕ್ಕೂ ಕೆಲವು ತಿಂಗಳ ಹಿಂದೆ, 2016ರ ಕೊನೆಯಲ್ಲಿ, ಆ ದೇಶದ ಮಕ್ಕಳು ಹೆದ್ದಾರಿಯ ಬದಿಯಲ್ಲಿ ಸಾಲಾಗಿ ನಿಂತು, ‘ಓಂ ತೆಲೊಲೆಟ್ ಓಂ’ ಎಂದು ಕೂಗಿ ಚಾಲಕರಿಂದ ರಾಗವಾಗಿ ಹಾರ್ನ್ ಹೊಡೆಸುವ ದೃಶ್ಯಗಳು ಜಗತ್ತಿನಾದ್ಯಂತ ಹರಿದಾಡಿದ್ದವು. ಅಲ್ಲಿನ ಭಾಷೆಯಲ್ಲಿ ‘ಓಂ’ ಎಂದರೆ ಮಾಮ, ಚಿಕ್ಕಪ್ಪ ಎಂದು ಕರೆಯುವ ಪದ. ‘ತೆಲೊಲೆಟ್’ ಎಂಬುದು ಹಾರ್ನಿನ ದನಿಯ ಅನುಕರಣೆ. ಆ ಹಾರ್ನು ಈ ಆಟದಲ್ಲಿಯೂ ಇದೆ.

ಪರದೇಶದ ಈ ಆಟ ಕೇರಳ, ಕರ್ನಾಟಕ, ಆಂಧ್ರಗಳ ಮಕ್ಕಳಿಗೆ ಇಷ್ಟು ಹತ್ತಿರವಾಗಲು ಎರಡು ಕಾರಣಗಳಿವೆ. ಇಂಡೋನೇಷ್ಯಾದಲ್ಲಿಯೂ ನಮ್ಮಂತೆಯೇ ರಸ್ತೆಯ ಎಡಬದಿಯಲ್ಲಿ ವಾಹನ ಚಲಿಸುತ್ತದೆ. ಚಾಲಕನ ಆಸನ ಬಲಗಡೆ ಇರುತ್ತದೆ. ಅಮೆರಿಕ, ಯುರೋಪಿನ ಅನೇಕ ಆಟಗಳಲ್ಲಿ ಎಲ್ಲವೂ ತಿರುವುಮುರುವು. ಇದು ಮೊದಲನೆಯ ಕಾರಣ. ಎರಡನೆಯದು ಇನ್ನೂ ಮುಖ್ಯ. ಆಡುವವರು ತಾವೇ ಬಿಡಿಸಿದ ಬಣ್ಣ, ಅಕ್ಷರ, ಚಿತ್ರಗಳನ್ನು ಬಸ್ಸಿಗೆ ಹಚ್ಚಲು, ತಾವೇ ರೂಪಿಸಿದ ವಾಹನವನ್ನು ಸೇರಿಸಲು ಮೂಲ ತಯಾರಕರೇ ಅನುಮತಿಸಿದ್ದಾರೆ. ಹೀಗಾಗಿ ಹವ್ಯಾಸಿಗಳು ಕೇರಳದ ಖಾಸಗಿ ಬಸ್ಸುಗಳನ್ನು, ಕರ್ನಾಟಕದ ಸಾರಿಗೆ ನಿಗಮಗಳ ಬಸ್ಸುಗಳನ್ನು, ಆಂಧ್ರದ ಆರ್‌ಟಿಸಿ ಬಸ್ಸುಗಳನ್ನು ಈ ಆಟಕ್ಕೆ ತಂದರು. ಜಾವಾ ದ್ವೀಪದ ರಸ್ತೆಯಲ್ಲಿ ನಮ್ಮ ಕೆಂಪು ಬಸ್ಸು ಓಡತೊಡಗಿತು.

ಗಡಿಯ ಮಗುವಿಗೆ ಬಸ್ಸೆಂದರೆ ಏನು

1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಉದಯವಾದಾಗ ಅಂದಿನ ಬಳ್ಳಾರಿ ಜಿಲ್ಲೆಯಿಂದ ಆದೋನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಆಂಧ್ರಕ್ಕೆ ಸೇರಿದವು. ಬಳ್ಳಾರಿ, ಸಿರುಗುಪ್ಪ, ಹೊಸಪೇಟೆಗಳು ಮೈಸೂರು ರಾಜ್ಯಕ್ಕೆ ಹೋದವು. ಗಡಿರೇಖೆ ಎಳೆದ ಮೇಲೂ ನೆಂಟಸ್ತಿಕೆ ಅಳಿಯಲಿಲ್ಲ. ಹೆಣ್ಣು ಕೊಡುವುದು ತರುವುದು, ಆಸ್ಪತ್ರೆ, ಜಾತ್ರೆ, ಹತ್ತಿಯ ವ್ಯಾಪಾರ ಎಲ್ಲಕ್ಕೂ ಸಿರುಗುಪ್ಪ, ಬಳ್ಳಾರಿ, ರಾಯಚೂರುಗಳೊಂದಿಗೆ ನಮ್ಮ ಜನರ ಓಡಾಟ ನಡೆದೇ ಇದೆ. ಈ ಓಡಾಟಕ್ಕೆ ಆಸರೆಯಾಗಿರುವುದು ಬಸ್ಸು.

ನಮ್ಮ ಮಕ್ಕಳು ಮನೆಯಲ್ಲಿ ಕನ್ನಡ ಮಾತನಾಡುತ್ತಾರೆ, ಶಾಲೆಯಲ್ಲಿ ಕನ್ನಡ ಓದುತ್ತಾರೆ. ಆದರೆ ಬೀದಿಗೆ ಬಂದರೆ ಅಂಗಡಿಯ ಫಲಕ, ಕಚೇರಿಯ ಸೂಚನೆ, ಊರಿನ ಹೆಸರಿನ ಕಲ್ಲು ಬಹುತೇಕ ತೆಲುಗಿನಲ್ಲೋ ಇಂಗ್ಲಿಷಿನಲ್ಲೋ ಇರುತ್ತವೆ. ಶಾಲೆಯ ಗೋಡೆಯಾಚೆ ಅವರ ಕಣ್ಣಿಗೆ ನಿತ್ಯ ಬೀಳುವ ಕನ್ನಡ ಅಕ್ಷರವೆಂದರೆ ಕಲ್ಯಾಣ ಕರ್ನಾಟಕ ರಸ್ತೆ ಸಾರಿಗೆ ನಿಗಮದ ಬಸ್ಸಿನ ಹಣೆಯ ಮೇಲಿನ ಫಲಕ. ಅಂತಹ ಮಗು ಪರದೆಯ ಬಸ್ಸಿನ ಮೇಲೆ ‘ಆದೋನಿ – ಸಿರುಗುಪ್ಪ’ ಎಂದು ಕನ್ನಡದಲ್ಲಿ ಬರೆಯುವಾಗ ಅದನ್ನು ಕೇವಲ ಕಾಲಹರಣ ಎಂದು ತಳ್ಳಿಹಾಕಲು ನಮಗೆ ಮನಸ್ಸು ಬಾರದು. ಫಲಕದ ಅಳತೆ ನೋಡಬೇಕು, ಬಣ್ಣ ಹೊಂದಿಸಬೇಕು, ಒತ್ತಕ್ಷರ ತಪ್ಪಿಲ್ಲದಂತೆ ಬರೆಯಬೇಕು, ಬಸ್ಸಿನ ಎರಡು ಬದಿಯ ಚಿತ್ರ ಒಂದಕ್ಕೊಂದು ಕೂಡುವಂತೆ ಮಾಡಬೇಕು. ಈ ಕೆಲಸದಲ್ಲಿ ಕಲಿಕೆ ಇದೆ. ತನ್ನ ಊರಿನ ಹೆಸರನ್ನು ತನ್ನ ಲಿಪಿಯಲ್ಲಿ ಕಾಣುವ ಹಿಗ್ಗೂ ಇದೆ.

ಇನ್ನೊಂದು ಕಾರಣವನ್ನೂ ಹೇಳಬೇಕು. ಪಶ್ಚಿಮ ಕರ್ನೂಲಿನ ಬಡ ಕುಟುಂಬಗಳು ಮಳೆ ಕೈಕೊಟ್ಟ ವರ್ಷಗಳಲ್ಲಿ ಗುಂಟೂರು ಕಡೆಯ ಮೆಣಸಿನಕಾಯಿ ಹೊಲಗಳಿಗೆ ಗುಳೆ ಹೋಗುವುದು ಎಲ್ಲರಿಗೂ ತಿಳಿದ ಸಂಗತಿ. ಎಷ್ಟೋ ಮಕ್ಕಳು ಆಗ ಅಜ್ಜ ಅಜ್ಜಿಯರ ಬಳಿ ಉಳಿಯುತ್ತಾರೆ. ಅಪ್ಪ ಅಮ್ಮನೊಡನೆ ಮಾತನಾಡಲೆಂದು ಬಿಟ್ಟುಹೋದ ಫೋನು ಸಂಜೆಯ ವೇಳೆಗೆ ಆಟದ ಸಂಗಾತಿಯಾಗುತ್ತದೆ. ಬಸ್ಸು ಹತ್ತಿ ದೂರ ಹೋದವರ ಮಕ್ಕಳು ಬಸ್ಸು ಓಡಿಸುವ ಆಟವನ್ನು ಹಚ್ಚಿಕೊಳ್ಳುವುದರಲ್ಲಿ ಆಶ್ಚರ್ಯವೇನಿಲ್ಲ.

ಮಾಡ್‌ಗಳಲ್ಲಿ ಮೂರು ಬಗೆ

‘ಮಾಡ್’ ಎಂಬ ಒಂದೇ ಪದದಡಿ ಮೂರು ಬೇರೆ ಬೇರೆ ವಸ್ತುಗಳಿವೆ. ಪೋಷಕರು ಇವುಗಳ ವ್ಯತ್ಯಾಸ ತಿಳಿದರೆ ಅರ್ಧ ಸಮಸ್ಯೆ ಪರಿಹಾರವಾದಂತೆ.

ಮೊದಲನೆಯದು ಬಣ್ಣದ ಹೊದಿಕೆ. ಮಕ್ಕಳು ಇದನ್ನು ಸ್ಕಿನ್ ಅಥವಾ ಲಿವರಿ ಎನ್ನುತ್ತಾರೆ. ಇದು ಕೇವಲ ಒಂದು ಚಿತ್ರ. ನಮ್ಮ ಮದುವೆಯ ಫೋಟೊ ಹೇಗೋ ಹಾಗೆ ಫೋನಿನ ಗ್ಯಾಲರಿಯಲ್ಲಿ ಕೂರುತ್ತದೆ. ಆಟದೊಳಗೆ ಅದನ್ನು ಆರಿಸಿಕೊಂಡರೆ ಬಸ್ಸಿನ ಬಣ್ಣ ಬದಲಾಗುತ್ತದೆ. ಮಗು ತಾನೇ ಬಿಡಿಸಿದರೆ ಇದರಿಂದ ತೊಂದರೆಯಿಲ್ಲ.

ಎರಡನೆಯದು ವಾಹನದ ಕಡತ. ಇದರಲ್ಲಿ ಬಸ್ಸಿನ ಅಥವಾ ಲಾರಿಯ ಇಡೀ ಆಕಾರವಿರುತ್ತದೆ. ಆಟದ ಫೋಲ್ಡರಿನಲ್ಲಿ ಇದನ್ನು ಇಟ್ಟರೆ ಹೊಸ ವಾಹನ ಕಾಣಿಸಿಕೊಳ್ಳುತ್ತದೆ. ಕಡತ ತಾನಾಗಿ ಫೋನಿನಲ್ಲಿ ಆ್ಯಪ್‌ನಂತೆ ಓಡುವುದಿಲ್ಲ. ಆದರೆ ಇದು ದೊರೆಯುವ ದಾರಿ ಸುಗಮವಲ್ಲ. ಕಡತಕ್ಕೆ ಬೀಗ ಹಾಕಿ, ಪಾಸ್‌ವರ್ಡನ್ನು ವಿಡಿಯೊದ ನಡುವೆ ಬಚ್ಚಿಟ್ಟಿರುತ್ತಾರೆ. ಕೊಂಡಿಯೊಂದನ್ನು ಒತ್ತಿದರೆ ನಾಲ್ಕು ಜಾಹೀರಾತು ಪುಟಗಳು ತೆರೆಯುತ್ತವೆ. ‘ಡೌನ್‌ಲೋಡ್’ ಎಂದು ಬರೆದ ಐದು ಗುಂಡಿಗಳಲ್ಲಿ ನಾಲ್ಕು ಸುಳ್ಳು. ಒಂದು ತಪ್ಪು ಗುಂಡಿ ಮಗುವನ್ನು ಬಾಜಿ ಆಟದ ಪುಟಕ್ಕೋ, ವಯಸ್ಕರ ಪುಟಕ್ಕೋ, ಬೇರೊಂದು ಆ್ಯಪ್‌ನ ಕಡತಕ್ಕೋ ಒಯ್ಯುತ್ತದೆ.

ಮೂರನೆಯದು ಅತ್ಯಂತ ಅಪಾಯಕಾರಿ. ಇದನ್ನು ‘ಮಾಡ್ ಎಪಿಕೆ’ ಎನ್ನುತ್ತಾರೆ. ‘ಅಪರಿಮಿತ ಹಣ’, ‘ಎಲ್ಲ ಬಸ್ಸು ಉಚಿತ’ ಎಂಬ ಆಮಿಷದೊಂದಿಗೆ ಇದು ಹರಿದಾಡುತ್ತದೆ. ಇಲ್ಲಿ ಯಾರೋ ಮೂಲ ಆಟವನ್ನು ಒಡೆದು, ಒಳಗೆ ಬದಲಾವಣೆ ಮಾಡಿ, ಮತ್ತೆ ಕಟ್ಟಿರುತ್ತಾರೆ. ಪ್ರತಿ ಆ್ಯಪ್‌ಗೂ ಅದರ ತಯಾರಕರ ಡಿಜಿಟಲ್ ಸಹಿ ಇರುತ್ತದೆ. ಅಂಚೆಯ ಲಕೋಟೆಯ ಅರಗಿನ ಮುದ್ರೆಯಂತೆ ಇದೂ ಒಂದು ಮುದ್ರೆ. ಒಡೆದು ಕಟ್ಟಿದಾಗ ಮೂಲ ಮುದ್ರೆ ಹೋಗಿ ಅಪರಿಚಿತನ ಮುದ್ರೆ ಬೀಳುತ್ತದೆ. ಆದುದರಿಂದಲೇ ಅಸಲು ಆಟವನ್ನು ತೆಗೆದುಹಾಕದೆ ಇದನ್ನು ಅದರ ಮೇಲೆ ಕೂರಿಸಲಾಗುವುದಿಲ್ಲ. ‘ಪ್ಲೇ ಪ್ರೊಟೆಕ್ಟ್ ಆಫ್ ಮಾಡಿ, ಅಪರಿಚಿತ ಮೂಲಕ್ಕೆ ಅನುಮತಿ ಕೊಡಿ’ ಎಂದು ವಿಡಿಯೊದಲ್ಲಿ ಹೇಳಿಕೊಡುವುದನ್ನು ಗಮನಿಸಬೇಕು. ಕಾವಲುಗಾರನನ್ನು ಕಳುಹಿಸಿ ಬಾಗಿಲು ತೆರೆದಿಡಿ ಎಂದು ಹೇಳುವವನು ಒಳಗೆ ಏನು ತರುತ್ತಾನೆಂಬುದನ್ನು ಮಗು ಊಹಿಸಲಾರದು.

ಒಡೆದು ಕಟ್ಟಿದ ಪ್ರತಿಯೊಂದು ಆಟದಲ್ಲಿಯೂ ಕಳ್ಳ ತಂತ್ರಾಂಶವಿದೆ ಎಂದು ನಾವು ಹೇಳುತ್ತಿಲ್ಲ. ಇದೆಯೋ ಇಲ್ಲವೋ ಎಂದು ಹೊರಗಿನಿಂದ ತಿಳಿಯುವ ಉಪಾಯ ಮಗುವಿಗೂ ಇಲ್ಲ, ತಾಯಿಗೂ ಇಲ್ಲ, ನಮಗೂ ಇಲ್ಲ. ಆಟ ಚೆನ್ನಾಗಿಯೇ ಓಡುತ್ತದೆ. ಓಡುತ್ತಿರುವಾಗಲೇ ಹಿಂದೆ ಬೇರೆ ಕೆಲಸ ನಡೆಯಬಹುದು.

ಫೋನೇ ಮನೆಯ ಪೆಟ್ಟಿಗೆ

ಪಟ್ಟಣದ ಸ್ಥಿತಿವಂತರ ಮನೆಯಲ್ಲಿ ಆಟಕ್ಕೊಂದು, ಹಣಕ್ಕೊಂದು ಎಂದು ಎರಡು ಮೂರು ಫೋನುಗಳಿರಬಹುದು. ನಮ್ಮ ಹಳ್ಳಿಗಳಲ್ಲಿ ಮನೆಗೆ ಒಂದೇ. ಉಪಾಧಿ ಹಾಮಿ ಕೂಲಿ ಜಮಾ ಆದ ಸಂದೇಶ, ಮಹಿಳಾ ಸಂಘದ ಸಾಲದ ಕಂತು, ಹತ್ತಿ ಮಾರಿದ ಹಣ, ಫೋನ್‌ಪೇ, ಗೂಗಲ್‌ಪೇ ಎಲ್ಲವೂ ಅದರಲ್ಲೇ. ಆಂಧ್ರ ಸರ್ಕಾರ 2025ರಲ್ಲಿ ಆರಂಭಿಸಿದ ‘ತಲ್ಲಿಕಿ ವಂದನಂ’ ಯೋಜನೆಯಡಿ ಶಾಲೆಗೆ ಹೋಗುವ ಮಗುವಿನ ಹೆಸರಿನಲ್ಲಿ ತಾಯಿಯ ಖಾತೆಗೆ ಬಂದ 13,000 ರೂಪಾಯಿಯ ಸಂದೇಶವೂ ಬಂದದ್ದು ಇದೇ ಫೋನಿಗೆ. ಮಗುವಿನ ಓದಿಗೆಂದು ಬಂದ ಹಣದ ಬೀಗದ ಕೈ ಮಗು ಆಡುವ ಆಟದ ಪಕ್ಕದಲ್ಲೇ ಇದೆ.

ಕಳ್ಳತನ ನಡೆಯುವ ಬಗೆ ಹೀಗಿದೆ. ಆ್ಯಪ್ ಕೂರಿಸುವಾಗ ಅದು ಕೆಲವು ಅನುಮತಿಗಳನ್ನು ಕೇಳುತ್ತದೆ. ಮಗು ಆಟದ ಆತುರದಲ್ಲಿ ಎಲ್ಲಕ್ಕೂ ‘ಅನುಮತಿಸಿ’ ಎಂದು ಒತ್ತುತ್ತದೆ. ಎಸ್‌ಎಂಎಸ್ ಓದುವ ಅನುಮತಿ ಸಿಕ್ಕಿದರೆ ಬ್ಯಾಂಕಿನ ಓಟಿಪಿ ಮೊದಲು ತಲುಪುವುದು ಕಳ್ಳನಿಗೆ. ‘ಆಕ್ಸೆಸಿಬಿಲಿಟಿ’ ಅನುಮತಿ ಸಿಕ್ಕಿದರೆ ಪರದೆಯ ಮೇಲೆ ಕಾಣುವುದನ್ನೆಲ್ಲ ಓದಿ, ನಮ್ಮ ಪರವಾಗಿ ಗುಂಡಿ ಒತ್ತುವ ಸಾಮರ್ಥ್ಯವೂ ಅದಕ್ಕೆ ಬರುತ್ತದೆ. ಬಸ್ಸು ಓಡಿಸುವ ಆಟಕ್ಕೆ ನಮ್ಮ ಸಂದೇಶ ಓದುವ ಅಗತ್ಯವೇನು ಎಂಬ ಒಂದು ಪ್ರಶ್ನೆಯನ್ನು ಕೇಳಿಕೊಂಡರೂ ಸಾಕು, ಅಪಾಯ ಅಲ್ಲೇ ನಿಲ್ಲುತ್ತದೆ.

ಇದು ಕಲ್ಪನೆಯ ಭಯವಲ್ಲ. 2024 ಮತ್ತು 2025ರಲ್ಲಿ ದೇಶದ ಹಲವು ರಾಜ್ಯಗಳಲ್ಲಿ ಸಾರಿಗೆ ಇಲಾಖೆಯ ದಂಡದ ಚಲನ್ ಎಂಬ ಹೆಸರಿನಲ್ಲಿ, ಮದುವೆಯ ಆಮಂತ್ರಣವೆಂಬ ಹೆಸರಿನಲ್ಲಿ, ಪಿಎಂ ಕಿಸಾನ್ ಹೆಸರಿನಲ್ಲಿ ವಾಟ್ಸ್‌ಆ್ಯಪ್ ಮೂಲಕ ಎಪಿಕೆ ಕಡತಗಳನ್ನು ಕಳುಹಿಸಿ ಖಾತೆಗಳನ್ನು ಖಾಲಿ ಮಾಡಿದ ಪ್ರಕರಣಗಳು ವರದಿಯಾದವು. ಪೊಲೀಸರು ಎಚ್ಚರಿಕೆಯನ್ನೂ ನೀಡಿದರು. ಹೆಸರು ಚಲನ್ ಆದರೇನು, ಐರಾವತ ಬಸ್ಸಾದರೇನು, ಎಪಿಕೆ ಒಳಬರುವ ಬಾಗಿಲು ಒಂದೇ. ವ್ಯತ್ಯಾಸವಿಷ್ಟೆ: ಚಲನ್ ಬಂದಾಗ ದೊಡ್ಡವರು ಅನುಮಾನಿಸಬಹುದು, ಆಟವನ್ನು ಮಗು ತಾನೇ ಹುಡುಕಿಕೊಂಡು ಹೋಗುತ್ತದೆ.

ಇನ್ನೊಂದು ಅಪಾಯ ಆಟದೊಳಗಿನ ವಸ್ತುವಿಗೆ ಸಂಬಂಧಿಸಿದ್ದು. ಆಟದ ಮೇಲೆ ನಮೂದಿಸಿದ ವಯೋಮಿತಿ ಮೂಲ ಆಟಕ್ಕೆ ಅನ್ವಯಿಸುತ್ತದೆ. ಹೊರಗಿನವರು ಬದಲಾಯಿಸಿದ ಆಟಕ್ಕೆ ಯಾರೂ ಜವಾಬ್ದಾರರಲ್ಲ. ‘ಗ್ರ್ಯಾಂಡ್ ಥೆಫ್ಟ್ ಆಟೊ: ಸ್ಯಾನ್ ಆಂಡ್ರಿಯಾಸ್’ ಎಂಬ ಪ್ರಸಿದ್ಧ ಆಟದಲ್ಲಿ ತಯಾರಕರು ಮುಚ್ಚಿಟ್ಟಿದ್ದ ಲೈಂಗಿಕ ದೃಶ್ಯಗಳನ್ನು 2005ರಲ್ಲಿ ಹವ್ಯಾಸಿಯೊಬ್ಬ ಮಾಡ್ ಮೂಲಕ ತೆರೆದಿಟ್ಟಾಗ, ಅಮೆರಿಕದ ಆಟಗಳ ವರ್ಗೀಕರಣ ಮಂಡಳಿ ಅದನ್ನು ವಯಸ್ಕರಿಗೆ ಮಾತ್ರ ಎಂಬ ವರ್ಗಕ್ಕೆ ಸೇರಿಸಬೇಕಾಯಿತು. ಇಂದಿಗೂ ನಮ್ಮ ಹಳ್ಳಿಗಳಲ್ಲಿ ಭಾರತದ ಕಾರು, ಬೈಕುಗಳನ್ನು ಸೇರಿಸಿದ ಅದೇ ಆಟದ ಮಾರ್ಪಡಿಸಿದ ಪ್ರತಿಗಳು ಕೈಯಿಂದ ಕೈಗೆ ಹೋಗುತ್ತಿವೆ. ಹೊರಗೆ ಬುಲೆಟ್ ಬೈಕು ಕಾಣುತ್ತದೆ. ಒಳಗಿರುವುದು ದೊಡ್ಡವರ ಹಿಂಸೆಯ ಆಟವೇ.

ಪರದೆಯಿಂದ ರಸ್ತೆಗೆ

ಆಟ ಆಡಿದ ಮಕ್ಕಳೆಲ್ಲ ರಸ್ತೆಯಲ್ಲಿ ಅಡ್ಡಾದಿಡ್ಡಿ ಓಡಿಸುತ್ತಾರೆ ಎಂದು ಹೇಳಲಾಗದು. ಆದರೆ ಪರದೆಯ ಕಲಿಕೆಗೂ ರಸ್ತೆಯ ಸತ್ಯಕ್ಕೂ ಇರುವ ಅಂತರವನ್ನು ಮಕ್ಕಳಿಗೆ ಬಿಡಿಸಿ ಹೇಳುವುದು ನಮ್ಮ ಹೊಣೆ. ಮೂಲ ಆಟದಲ್ಲಿ ಪ್ರಯಾಣಿಕರನ್ನು ತಲುಪಿಸಿ ಹಣ ಗಳಿಸಿ ಹೊಸ ಬಸ್ಸು ಕೊಳ್ಳಬೇಕು. ಇದರಲ್ಲಿ ಸ್ವಲ್ಪವಾದರೂ ತಾಳ್ಮೆಯ ಪಾಠವಿದೆ. ‘ಅಪರಿಮಿತ ಹಣ’ದ ಮಾರ್ಪಾಡು ಆ ಪಾಠವನ್ನೇ ಕಿತ್ತುಹಾಕುತ್ತದೆ. ‘ಇಂಡಿಯನ್ ಬೈಕ್ಸ್ ಡ್ರೈವಿಂಗ್ 3ಡಿ’ ಎಂಬ ಆಟದಲ್ಲಿ ಆಟದೊಳಗಿನ ಫೋನಿನಲ್ಲಿ ಒಂದು ಸಂಖ್ಯೆ ಒತ್ತಿದರೆ ಬೇಕಾದ ಬೈಕು ಎದುರಿಗೆ ಬಂದು ನಿಲ್ಲುತ್ತದೆ. ಡಿಕ್ಕಿ ಹೊಡೆದರೂ ಮರುಕ್ಷಣ ಎದ್ದು ಓಡಬಹುದು. ಬಳ್ಳಾರಿ – ಆಲೂರು – ಆದೋನಿ ಹೆದ್ದಾರಿಯಲ್ಲಿ ಅಂತಹ ಮರುಕ್ಷಣ ಇರುವುದಿಲ್ಲ.

2025ರ ಮಾರ್ಚ್ ಆರಂಭದಲ್ಲಿ ಆದೋನಿ ಮಂಡಲದ ಪಾಂಡವಗಲ್ಲು ಬಳಿ ಕರ್ನಾಟಕ ಸಾರಿಗೆ ಬಸ್ಸು ಮತ್ತು ಎರಡು ಬೈಕುಗಳ ನಡುವಿನ ಅಪಘಾತದಲ್ಲಿ ಐವರು ಪ್ರಾಣ ಕಳೆದುಕೊಂಡರು. ಅದೇ ವರ್ಷ ಅಕ್ಟೋಬರ್ 24ರ ನಸುಕಿನಲ್ಲಿ ಕರ್ನೂಲು ಸಮೀಪದ ಚಿನ್ನಟೇಕೂರಿನ ಬಳಿ ರಸ್ತೆಯಲ್ಲಿ ಬಿದ್ದಿದ್ದ ಬೈಕಿಗೆ ಖಾಸಗಿ ಬಸ್ಸು ತಾಗಿ ಬೆಂಕಿ ಹತ್ತಿ 19 ಪ್ರಯಾಣಿಕರು ಮೃತಪಟ್ಟರು. ಈ ಎರಡು ದುರ್ಘಟನೆಗಳಿಗೂ ಮಕ್ಕಳ ಆಟಕ್ಕೂ ಸಂಬಂಧವಿಲ್ಲ. ಬಸ್ಸಿಗೂ ಬೈಕಿಗೂ ಇರುವ ತೂಕದ ವ್ಯತ್ಯಾಸ ಪರದೆಯ ಮೇಲೆ ತಿಳಿಯುವುದಿಲ್ಲವೆಂಬ ಕಾರಣಕ್ಕಷ್ಟೇ ನಾವು ಇವನ್ನು ನೆನೆಯುತ್ತಿದ್ದೇವೆ.

ವಾಹನವನ್ನು ಮಾರ್ಪಡಿಸುವ ಮೋಹ ಪರದೆಗಷ್ಟೇ ಸೀಮಿತವಲ್ಲ. ಕೇರಳದಲ್ಲಿ ಕಣ್ಣು ಕೋರೈಸುವ ದೀಪ, ಚಿತ್ರ, ಧ್ವನಿವರ್ಧಕಗಳ ಪ್ರವಾಸಿ ಬಸ್ಸುಗಳಿಗೆ ಯುವಕರ ಅಭಿಮಾನಿ ಬಳಗಗಳೇ ಇದ್ದವು. 2022ರ ಅಕ್ಟೋಬರ್ 5ರ ರಾತ್ರಿ ಪಾಲಕ್ಕಾಡ್ ಜಿಲ್ಲೆಯ ವಡಕ್ಕೆಂಚೇರಿಯಲ್ಲಿ ಶಾಲಾ ಮಕ್ಕಳನ್ನು ಪ್ರವಾಸಕ್ಕೆ ಒಯ್ಯುತ್ತಿದ್ದ ಬಸ್ಸು ಸಾರಿಗೆ ಸಂಸ್ಥೆಯ ಬಸ್ಸಿಗೆ ಹಿಂದಿನಿಂದ ಗುದ್ದಿ ಒಂಬತ್ತು ಮಂದಿ ಸತ್ತರು. ಅವರಲ್ಲಿ ಐವರು ವಿದ್ಯಾರ್ಥಿಗಳು. ಬಸ್ಸು ಗಂಟೆಗೆ 97 ಕಿ.ಮೀ.ಗೂ ಹೆಚ್ಚಿನ ವೇಗದಲ್ಲಿತ್ತು ಎಂಬುದು ತನಿಖೆಯಲ್ಲಿ ತಿಳಿದುಬಂತು. ಆ ಬಳಿಕ ಅಲ್ಲಿನ ಸರ್ಕಾರ ಪ್ರವಾಸಿ ಬಸ್ಸುಗಳಿಗೆ ಬಿಳಿಯ ಬಣ್ಣದ ನಿಯಮವನ್ನು ಬಿಗಿಯಾಗಿ ಜಾರಿಗೊಳಿಸಿತು.

ಮಕ್ಕಳಿಗೆ ಪ್ರಿಯವಾದ ಆ ರಾಗದ ಹಾರ್ನಿನ ಕಥೆಯೂ ಹೀಗೆಯೇ. ನಮ್ಮ ಕೇಂದ್ರ ಮೋಟಾರು ವಾಹನ ನಿಯಮಗಳ 119ನೇ ನಿಯಮದ ಪ್ರಕಾರ ಒಂದರ ಹಿಂದೆ ಒಂದು ಸ್ವರ ಹೊರಡಿಸುವ ಹಾರ್ನುಗಳನ್ನು ಸಾಮಾನ್ಯ ವಾಹನಗಳಿಗೆ ಅಳವಡಿಸುವಂತಿಲ್ಲ. ಅದರ ತವರಾದ ಇಂಡೋನೇಷ್ಯಾದಲ್ಲಿಯೇ, 2024ರ ಮಾರ್ಚ್‌ನಲ್ಲಿ, ಮೇರಕ್ ಬಂದರಿನ ಬಳಿ ಆ ಹಾರ್ನಿಗಾಗಿ ಬಸ್ಸಿನ ಬೆನ್ನು ಹತ್ತಿದ ಪುಟ್ಟ ಬಾಲಕನೊಬ್ಬ ಅದೇ ಬಸ್ಸಿನ ಚಕ್ರಕ್ಕೆ ಸಿಲುಕಿ ಸತ್ತ. ಅಲ್ಲಿನ ಸಾರಿಗೆ ಸಚಿವಾಲಯ ಆ ಹಾರ್ನಿನ ವಿರುದ್ಧ ಕ್ರಮಕ್ಕೆ ಮುಂದಾಯಿತು.

ಕಾನೂನಿನ ವಿಷಯವನ್ನು ಪೋಷಕರು ಸ್ಪಷ್ಟವಾಗಿ ತಿಳಿದಿರಬೇಕು. ಗೇರಿರುವ ಬೈಕು ಓಡಿಸಲು 18 ವರ್ಷ ತುಂಬಿರಬೇಕು. ಬಸ್ಸು, ಲಾರಿಗಳಂತಹ ಸಾರಿಗೆ ವಾಹನಕ್ಕೆ 20. 2019ರ ತಿದ್ದುಪಡಿಯ ಮೂಲಕ ಮೋಟಾರು ವಾಹನ ಕಾಯ್ದೆಗೆ ಸೇರಿದ 199ಎ ಕಲಮಿನಂತೆ, ಅಪ್ರಾಪ್ತರು ವಾಹನ ಓಡಿಸಿ ಅಪರಾಧವೆಸಗಿದರೆ ಪೋಷಕರು ಅಥವಾ ವಾಹನದ ಮಾಲೀಕರು ಹೊಣೆಗಾರರು. ಮೂರು ವರ್ಷಗಳವರೆಗೆ ಸೆರೆವಾಸ, 25,000 ರೂಪಾಯಿ ದಂಡ, ವಾಹನದ ನೋಂದಣಿ 12 ತಿಂಗಳ ಕಾಲ ರದ್ದು. ಮಗುವಿಗೆ 25 ವರ್ಷ ತುಂಬುವವರೆಗೆ ಚಾಲನಾ ಪರವಾನಗಿ ಇಲ್ಲ. ಬಸ್ ಚಾಲಕನಾಗಬೇಕೆಂಬ ಕನಸು ಕಂಡ ಹುಡುಗ ಹದಿನೈದನೆಯ ವಯಸ್ಸಿನಲ್ಲಿ ಅಪ್ಪನ ಬೈಕು ಓಡಿಸಿ ಸಿಕ್ಕಿಬಿದ್ದರೆ ಆ ಕನಸಿಗೇ ಹತ್ತು ವರ್ಷ ಬೀಗ ಬೀಳುತ್ತದೆ.

ನಿಷೇಧವೊಂದೇ ಸಾಲದು

ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ಆಂಧ್ರಪ್ರದೇಶ 2020ರಲ್ಲೇ ನಿಷೇಧಿಸಿತು. ಕೇಂದ್ರವೂ 2025ರ ಆಗಸ್ಟ್‌ನಲ್ಲಿ ಕಾಯ್ದೆ ತಂದಿತು. ಆದರೆ ಹಣ ಕಟ್ಟದೆ ಆಡುವ ಬಸ್ಸಿನ ಆಟ ಈ ನಿಷೇಧದಡಿ ಬರುವುದಿಲ್ಲ. ಆದುದರಿಂದ ಇಲ್ಲಿ ಕಾವಲು ಮನೆಯದು ಮತ್ತು ಶಾಲೆಯದು.

ನಮ್ಮ ಮನೆಗಳಲ್ಲಿ ಒಂದು ವಿಶೇಷ ಪರಿಸ್ಥಿತಿಯಿದೆ. ಫೋನಿನ ಭಾಷೆ ಇಂಗ್ಲಿಷ್. ಮಾಡ್ ಹೇಳಿಕೊಡುವ ವಿಡಿಯೊ ಹಿಂದಿ ಅಥವಾ ಮಲಯಾಳದಲ್ಲಿ. ಬ್ಯಾಂಕಿನ, ಪೊಲೀಸರ ಎಚ್ಚರಿಕೆಯ ಸಂದೇಶ ತೆಲುಗು ಅಥವಾ ಇಂಗ್ಲಿಷಿನಲ್ಲಿ. ಕನ್ನಡ ಮಾತ್ರ ಓದಬಲ್ಲ ತಾಯಿಗೆ ಈ ಯಾವುದೂ ತಲುಪುವುದಿಲ್ಲ. ಫೋನಿನಲ್ಲಿ ಏನು ಬಂದಿದೆ ಎಂದು ಓದಿ ಹೇಳುವವರು ಮಕ್ಕಳೇ. ಅಂದರೆ ಯಾರಿಂದ ತಿಳಿಯದೆ ಅಪಾಯ ಬರಬಹುದೋ ಅವರೇ ಮನೆಯ ದುಭಾಷಿಗಳೂ ಆಗಿದ್ದಾರೆ. ಮಗುವನ್ನು ಬೈದು ದೂರ ಮಾಡಿದರೆ ಮನೆಯ ಕಣ್ಣನ್ನೇ ಮುಚ್ಚಿದಂತಾಗುತ್ತದೆ. ತಪ್ಪು ಗುಂಡಿ ಒತ್ತಿದ ಮಗು ಹೊಡೆತಕ್ಕೆ ಹೆದರಿ ಎರಡು ದಿನ ಸುಮ್ಮನಿದ್ದರೆ ಅಷ್ಟರಲ್ಲಿ ಖಾತೆ ಬರಿದಾಗಿರುತ್ತದೆ.

ಆದುದರಿಂದ ಪೋಷಕ ಬಂಧುಗಳಲ್ಲಿ ನಮ್ಮ ಮೊದಲ ವಿನಂತಿ: ಫೋನಿನ ಭಾಷೆಯನ್ನು ಕನ್ನಡಕ್ಕೆ ಬದಲಾಯಿಸಿಕೊಳ್ಳಿ. ಆಂಡ್ರಾಯ್ಡ್ ಫೋನುಗಳ ಸೆಟ್ಟಿಂಗ್ಸ್‌ನಲ್ಲಿ ಭಾಷೆಯ ವಿಭಾಗವಿದೆ. ಅಲ್ಲಿ ಕನ್ನಡ ದೊರೆಯುತ್ತದೆ. ಆಗ ಅಪರಿಚಿತ ಆ್ಯಪ್ ಬಗ್ಗೆ ಫೋನು ನೀಡುವ ಎಚ್ಚರಿಕೆ, ಅದು ಕೇಳುವ ಅನುಮತಿ ಎಲ್ಲವೂ ಕನ್ನಡದಲ್ಲೇ ಕಾಣುತ್ತವೆ. ಓದು ಬಾರದ ತಾಯಿಗೆ ಮಗು ಅದನ್ನು ಇದ್ದಂತೆಯೇ ಓದಿ ಹೇಳಬಲ್ಲದು. ಕನ್ನಡ ಮಾಧ್ಯಮದ ಓದು ಮನೆಯ ಹಣ ಕಾಯುವ ಕೆಲಸಕ್ಕೆ ಬರುವುದು ಹೀಗೆ.

ಎರಡನೆಯದು: ಆಟವನ್ನು ಪ್ಲೇ ಸ್ಟೋರ್‌ನಿಂದ ಮಾತ್ರ ಪಡೆಯಬೇಕು. ಕೊನೆಯಲ್ಲಿ ‘ಎಪಿಕೆ’ ಎಂದಿರುವ ಯಾವ ಕಡತವನ್ನೂ, ಯಾರೇ ಕಳುಹಿಸಿದರೂ, ತೆರೆಯಕೂಡದು. ಕ್ರೋಮ್, ವಾಟ್ಸ್‌ಆ್ಯಪ್, ಟೆಲಿಗ್ರಾಂಗಳಿಗೆ ‘ಅಪರಿಚಿತ ಆ್ಯಪ್ ಕೂರಿಸುವ’ ಅನುಮತಿ ಇದ್ದರೆ ತೆಗೆದುಹಾಕಬೇಕು. ಪ್ಲೇ ಪ್ರೊಟೆಕ್ಟ್ ಸದಾ ಚಾಲೂ ಇರಲಿ.

ಮೂರನೆಯದು: ಮನೆಯಲ್ಲಿ ಹಳೆಯ ಫೋನಿದ್ದರೆ ಸಿಮ್ ತೆಗೆದು, ಹಣದ ಆ್ಯಪ್‌ಗಳನ್ನೂ ಅಳಿಸಿ ಆಟಕ್ಕೆ ಕೊಡಬಹುದು. ಓಟಿಪಿ ಬಾರದ ಫೋನಿನಲ್ಲಿ ಕಳ್ಳನಿಗೆ ಸಿಗುವುದು ಕಡಿಮೆ. ಒಂದೇ ಫೋನಿರುವವರು ಹಣದ ಆ್ಯಪ್‌ಗಳಿಗೆ ಪ್ರತ್ಯೇಕ ಬೀಗ ಹಾಕಿ, ಯುಪಿಐ ಪಿನ್ ಮಕ್ಕಳಿಗೆ ಹೇಳದಿರುವುದು ಲೇಸು.

ನಾಲ್ಕನೆಯದು: ಅನುಮಾನ ಬಂದ ಕೂಡಲೇ ಫೋನಿನ ಇಂಟರ್ನೆಟ್ ನಿಲ್ಲಿಸಿ, ಬೇರೊಂದು ಫೋನಿನಿಂದ ಬ್ಯಾಂಕಿಗೂ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೂ ಕರೆ ಮಾಡಬೇಕು. ಎಷ್ಟು ಬೇಗ ತಿಳಿಸಿದರೆ ಹಣವನ್ನು ನಡುವೆಯೇ ತಡೆಯುವ ಸಾಧ್ಯತೆ ಅಷ್ಟು ಹೆಚ್ಚು. ಬಂದ ಸಂದೇಶ, ಕೊಂಡಿಗಳನ್ನು ಅಳಿಸದೆ ಸಾಕ್ಷಿಯಾಗಿ ಇಟ್ಟುಕೊಳ್ಳಬೇಕು. ‘ಏನಾದರೂ ತಪ್ಪು ಒತ್ತಿದರೆ ಮೊದಲು ನಮಗೆ ಹೇಳು, ಬೈಯುವುದಿಲ್ಲ’ ಎಂದು ಮಗುವಿಗೆ ಮೊದಲೇ ಮಾತು ಕೊಟ್ಟಿರಬೇಕು; ಆ ಮಾತನ್ನು ಉಳಿಸಿಕೊಳ್ಳಲೂ ಬೇಕು.

ಶಾಲೆಗಳ ಪಾಲಿಗೂ ಕೆಲಸವಿದೆ. ಮಾಡ್‌ನ ಮೊದಲ ಬಗೆಯನ್ನು, ಅಂದರೆ ಬಣ್ಣದ ಹೊದಿಕೆಯನ್ನು, ನಾವು ತರಗತಿಗೆ ತರಬಹುದು. ಕೌತಾಳಂ, ಕೋಸಿಗಿ, ಆಲೂರು, ಎಮ್ಮಿಗನೂರು, ಮಂತ್ರಾಲಯಗಳ ಮಾರ್ಗಫಲಕಗಳನ್ನು ಮಕ್ಕಳು ಕನ್ನಡ ಮತ್ತು ತೆಲುಗು ಎರಡೂ ಲಿಪಿಗಳಲ್ಲಿ ಹಾಳೆಯ ಮೇಲೆ ಬರೆಯಲಿ. ಊರಿಂದೂರಿಗೆ ದೂರ ಎಷ್ಟು, ನಡುವೆ ಯಾವ ಹಳ್ಳ ಬರುತ್ತದೆ ಎಂದು ಗುರುತಿಸಲಿ. ಬಸ್ಸಿನ ಬಣ್ಣವನ್ನು ಅಳತೆಗೆ ತಕ್ಕಂತೆ ಬಿಡಿಸಲಿ. ತನ್ನ ಕೈಯಿಂದಲೇ ಹೊದಿಕೆ ಮಾಡಬಲ್ಲ ಮಗುವಿಗೆ ಕಂಡವರ ಕೊಂಡಿಯ ಹಂಗು ಕಡಿಮೆಯಾಗುತ್ತದೆ. ಪೋಷಕರ ಸಭೆಯಲ್ಲಿ ಅಂಕಗಳ ಮಾತಿನ ಜೊತೆಗೆ ಹತ್ತು ನಿಮಿಷ ಫೋನಿನ ಈ ನಾಲ್ಕು ಎಚ್ಚರಿಕೆಗಳಿಗೂ ಮೀಸಲಾಗಲಿ.

ಸರ್ಕಾರದ ಮುಂದೆಯೂ ನಮ್ಮ ಬೇಡಿಕೆ ಇದೆ. ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯಲ್ಲಿ ಕಲಿಯುವ ಸೌಲಭ್ಯ ಒದಗಿಸಬೇಕೆಂದು ಸಂವಿಧಾನದ 350ಎ ವಿಧಿ ಹೇಳುತ್ತದೆ. ಪಠ್ಯಪುಸ್ತಕವನ್ನು ಕನ್ನಡದಲ್ಲಿ ಕೊಟ್ಟು, ಅದೇ ಮಗುವಿನ ಮನೆಯನ್ನು ಕಾಯುವ ಎಚ್ಚರಿಕೆಯನ್ನು ಕನ್ನಡದಲ್ಲಿ ಕೊಡದಿದ್ದರೆ ಆ ಆಶಯ ಪೂರ್ಣವಾಗದು. ಕರ್ನೂಲು ಜಿಲ್ಲೆಯ ಶಿಕ್ಷಣ ಇಲಾಖೆ ಮತ್ತು ಪೊಲೀಸ್ ಇಲಾಖೆಗಳು ಸೈಬರ್ ಸುರಕ್ಷತೆಯ ಕರಪತ್ರ, ಭಿತ್ತಿಪತ್ರಗಳನ್ನು ತೆಲುಗಿನೊಂದಿಗೆ ಕನ್ನಡದಲ್ಲಿಯೂ ಮುದ್ರಿಸಿ ಕನ್ನಡ ಮಾಧ್ಯಮ ಶಾಲೆಗಳಿಗೆ ತಲುಪಿಸಬೇಕು. ಇದಕ್ಕೆ ದೊಡ್ಡ ಖರ್ಚಿಲ್ಲ. ಅನುವಾದದ ಕೆಲಸವನ್ನು ನಮ್ಮ ಶಿಕ್ಷಕರೇ ಸಂತೋಷದಿಂದ ಮಾಡಿಕೊಡುತ್ತಾರೆ.

ಈ ವಾರದ ಬಿಡುವಿನಲ್ಲಿ ಪೋಷಕರು ಮಗುವಿನ ಪಕ್ಕದಲ್ಲಿ ಕುಳಿತು, ಅದು ಓಡಿಸುವ ಬಸ್ಸು ಯಾವುದು, ಎಲ್ಲಿಂದ ಬಂತು, ಅದರ ಮೇಲೆ ಏನು ಬರೆದಿದೆ ಎಂದು ಕೇಳಲಿ. ಮಗು ಉತ್ಸಾಹದಿಂದಲೇ ಹೇಳುತ್ತದೆ. ಆ ಮಾತಿನ ನಡುವೆಯೇ ಫೋನಿನ ಸೆಟ್ಟಿಂಗ್ಸ್ ತೆರೆದು ಆಟಕ್ಕೆ ಕೊಟ್ಟಿರುವ ಅನುಮತಿಗಳನ್ನು ಇಬ್ಬರೂ ಸೇರಿ ನೋಡಲಿ. ಸಂದೇಶ ಓದುವ ಅನುಮತಿ ಇದ್ದರೆ ಆ ಆಟವನ್ನು ಅಂದೇ ತೆಗೆದುಹಾಕಿ ಪ್ಲೇ ಸ್ಟೋರ್‌ನಿಂದ ಅಸಲು ಆಟವನ್ನು ಕೂರಿಸಲಿ. ಮಗು ಬಿಡಿಸಿದ ಬಣ್ಣದ ಚಿತ್ರಗಳು ಫೋನಿನ ಗ್ಯಾಲರಿಯಲ್ಲಿ ಹಾಗೆಯೇ ಇರುತ್ತವೆ. ಹೊಸದಾಗಿ ಕೂರಿಸಿದ ಆಟದಲ್ಲಿಯೂ ಅವು ನಡೆಯುತ್ತವೆ.